ಟ್ರೇಸಿ ಚಾಪ್‌ಮನ್ (ಆಲ್ಬಂ)

'ಟ್ರೇಸಿ ಚಾಪ್‌ಮನ್' ಎಂಬುದು ಅಮೆರಿಕದ ಗಾಯಕಿ, ಗೀತರಚನೆಕಾರ್ತಿ ಹಾಗೂ ಗಿಟಾರ್ ವಾದಕಿ ಟ್ರೇಸಿ ಚಾಪ್‌ಮನ್ ಅವರ ಚೊಚ್ಚಲ ಆಲ್ಬಂ. ಎಲೆಕ್ಟ್ರಾ ರೆಕಾರ್ಡ್ಸ್ ಸಂಸ್ಥೆಯು ಇದನ್ನು 1988ರ ಏಪ್ರಿಲ್ 5ರಂದು ಬಿಡುಗಡೆ ಮಾಡಿತು. ಜಾನಪದ ಛಾಯೆಯ ರಾಕ್ ಸಂಗೀತಕ್ಕೆ ಸೇರುವ ಈ ಆಲ್ಬಂನಲ್ಲಿ 11 ಹಾಡುಗಳಿದ್ದು, ಎಲ್ಲವನ್ನೂ ಚಾಪ್‌ಮನ್ ಒಬ್ಬರೇ ರಚಿಸಿದ್ದಾರೆ. ಈ ಕೊನೆಯ ಸಂಗತಿ ಸಣ್ಣದೆಂದು ತೋರಬಹುದು. ಆದರೆ 35 ವರ್ಷಗಳ ನಂತರ ಆಲ್ಬಂ ಮತ್ತೆ ಸುದ್ದಿಗೆ ಬಂದಾಗ ಎದ್ದ ಚರ್ಚೆಯ ತಿರುಳು ಅದೇ ಆಗಿತ್ತು.

ಹಿನ್ನೆಲೆ

1964ರಲ್ಲಿ ಓಹಿಯೊ ರಾಜ್ಯದ ಕ್ಲೀವ್‌ಲ್ಯಾಂಡ್‌ನಲ್ಲಿ ಜನಿಸಿದ ಚಾಪ್‌ಮನ್, ಟಫ್ಟ್ಸ್ ವಿಶ್ವವಿದ್ಯಾಲಯದಲ್ಲಿ ಮಾನವಶಾಸ್ತ್ರವನ್ನು ಅಭ್ಯಸಿಸಿದರು. ಅದೇ ಅವಧಿಯಲ್ಲಿ ಕೇಂಬ್ರಿಡ್ಜ್‌ನ ಹಾರ್ವರ್ಡ್ ಚೌಕದಲ್ಲಿ ದಾರಿಹೋಕರೆದುರು ಗಿಟಾರ್ ಹಿಡಿದು ಹಾಡುತ್ತಿದ್ದರು. ಡೇವಿಡ್ ಕರ್ಶೆನ್‌ಬಾಮ್ ಆಲ್ಬಂನ ನಿರ್ಮಾಪಕರು. ಸಿಂಥಸೈಜರ್ ಮತ್ತು ಯಂತ್ರದ ತಾಳಗಳೇ ರೇಡಿಯೊವನ್ನು ಆಳುತ್ತಿದ್ದ ಆ ವರ್ಷಗಳಲ್ಲಿ, ಗಾಯಕಿಯ ಕಂಠ ಹಾಗೂ ಗಿಟಾರನ್ನು ಮುಂದಿರಿಸಿ ಉಳಿದ ವಾದ್ಯಗಳನ್ನು ಹಿಂದೆ ನಿಲ್ಲಿಸಿದ್ದು ಅವರ ಮುಖ್ಯ ನಿರ್ಧಾರವೆನ್ನಬೇಕು.

ಹಾಡುಗಳು

ಬಡತನ, ಜನಾಂಗೀಯ ಹಿಂಸೆ, ವಸ್ತುವ್ಯಾಮೋಹ ಮತ್ತು ಪ್ರೇಮ ಇಲ್ಲಿನ ವಸ್ತುಗಳು. 'ಬಿಹೈಂಡ್ ದ ವಾಲ್' ಯಾವುದೇ ವಾದ್ಯದ ನೆರವಿಲ್ಲದ ಹಾಡು. ರಾತ್ರಿ ಪಕ್ಕದ ಮನೆಯಲ್ಲಿ ಹೆಂಗಸೊಬ್ಬಳ ಮೇಲೆ ನಡೆಯುವ ಹಲ್ಲೆಯನ್ನು ಗೋಡೆಯಾಚೆಯಿಂದ ಕೇಳುವವಳ ಮಾತು ಅದು; ಪೊಲೀಸರು ಬಂದರೂ ತಡವಾಗಿಯೇ ಬರುತ್ತಾರೆ. 'ಫಾಸ್ಟ್ ಕಾರ್' ಹಾಡಿನ ನಾಯಕಿ ಕುಡುಕ ತಂದೆಯನ್ನು ನೋಡಿಕೊಳ್ಳಲು ಶಾಲೆ ಬಿಟ್ಟವಳು. ಪ್ರಿಯಕರನ ಕಾರಿನಲ್ಲಿ ಊರು ಬಿಟ್ಟು, ಅಂಗಡಿಯಲ್ಲಿ ದುಡಿದು, ಕೊನೆಗೆ ಆ ಪ್ರಿಯಕರನೂ ತಂದೆಯ ಹಾದಿಯನ್ನೇ ಹಿಡಿದುದನ್ನು ಕಾಣುತ್ತಾಳೆ. ಇದನ್ನು ಬಿಡುಗಡೆಯ ಹಾಡೆಂದು ನೆನಪಿಡುವವರು ಬಹಳ, ಕಥೆ ಮಾತ್ರ ಹಾಗೆ ಮುಗಿಯುವುದಿಲ್ಲ.

1988ರ ಜೂನ್ 11ರಂದು ಲಂಡನ್ನಿನ ವೆಂಬ್ಲಿ ಕ್ರೀಡಾಂಗಣದಲ್ಲಿ ನೆಲ್ಸನ್ ಮಂಡೇಲಾ ಅವರ 70ನೆಯ ಹುಟ್ಟುಹಬ್ಬದ ಗೌರವಾರ್ಥ ಸಂಗೀತ ಕಾರ್ಯಕ್ರಮ ನಡೆಯಿತು. ಸ್ಟೀವಿ ವಂಡರ್ ಅವರ ವಾದ್ಯದ ಸಂಗ್ರಹ ಡಿಸ್ಕ್ ಕಾಣೆಯಾಗಿ ವೇದಿಕೆ ತೆರವಾದಾಗ, ಅದಾಗಲೇ ಹಾಡಿ ಇಳಿದಿದ್ದ ಚಾಪ್‌ಮನ್ ಅವರನ್ನು ಮತ್ತೆ ಕರೆಯಲಾಯಿತು. ಆ ಅವಕಾಶದ ನಂತರ ಆಲ್ಬಂನ ಮಾರಾಟ ಏರಿ, ಬ್ರಿಟನ್ ಮತ್ತು ಅಮೆರಿಕ ಎರಡರಲ್ಲೂ ಮೊದಲ ಸ್ಥಾನ ತಲುಪಿತು. 'ಫಾಸ್ಟ್ ಕಾರ್' ಬಿಲ್‌ಬೋರ್ಡ್ ಹಾಟ್ 100 ಪಟ್ಟಿಯಲ್ಲಿ 6ನೆಯ ಸ್ಥಾನಕ್ಕೇರಿತು. ಮರುವರ್ಷ ಚಾಪ್‌ಮನ್ ಮೂರು ಗ್ರ್ಯಾಮಿ ಪ್ರಶಸ್ತಿಗಳನ್ನು ಪಡೆದರು. ಅದೇ 1988ರ ಸೆಪ್ಟೆಂಬರ್ 30ರಂದು ಆಮ್ನೆಸ್ಟಿ ಇಂಟರ್‌ನ್ಯಾಷನಲ್‌ನ ಮಾನವ ಹಕ್ಕುಗಳ ಸಂಗೀತಯಾತ್ರೆಯೊಂದಿಗೆ ಅವರು ದೆಹಲಿಯ ಜವಾಹರಲಾಲ್ ನೆಹರೂ ಕ್ರೀಡಾಂಗಣಕ್ಕೂ ಬಂದಿದ್ದರು.

ಪ್ರಚಲಿತ ಚರ್ಚೆ

2023ರಲ್ಲಿ ಕಂಟ್ರಿ ಗಾಯಕ ಲ್ಯೂಕ್ ಕೂಂಬ್ಸ್ 'ಫಾಸ್ಟ್ ಕಾರ್' ಹಾಡನ್ನು ಮರುಗಾಯನ ಮಾಡಿದರು. ಸಾಹಿತ್ಯದಲ್ಲಿ ನಾಯಕಿ ಹೆಣ್ಣೆಂಬುದನ್ನು ಸೂಚಿಸುವ ಪದವನ್ನೂ ಅವರು ಬದಲಿಸಲಿಲ್ಲ. ಈ ಆವೃತ್ತಿ ಹಾಟ್ 100ರಲ್ಲಿ 2ನೆಯ ಸ್ಥಾನಕ್ಕೇರಿ ಮೂಲವನ್ನೇ ಮೀರಿಸಿತು, ಕಂಟ್ರಿ ರೇಡಿಯೊ ಪಟ್ಟಿಯಲ್ಲಿ ಮೊದಲನೆಯದಾಯಿತು. ಏಕೈಕ ರಚನೆಕಾರ್ತಿಯಾಗಿ ಆ ಸ್ಥಾನ ಪಡೆದ ಮೊದಲ ಕಪ್ಪು ಮಹಿಳೆ ಚಾಪ್‌ಮನ್. ನವೆಂಬರಿನಲ್ಲಿ ಕಂಟ್ರಿ ಮ್ಯೂಸಿಕ್ ಅಸೋಸಿಯೇಷನ್‌ನ 'ವರ್ಷದ ಗೀತೆ' ಪ್ರಶಸ್ತಿಯೂ ಅವರಿಗೆ ಸಂದಿತು. ಕಪ್ಪು ಗೀತರಚನೆಕಾರರೊಬ್ಬರಿಗೆ ಅದು ದೊರೆತದ್ದು ಅದೇ ಮೊದಲು.

ಈ ದಾಖಲೆಗಳನ್ನು ಸಂಭ್ರಮದಿಂದ ಮಾತ್ರ ನೋಡಲಾಗದು. ಕಂಟ್ರಿ ಸಂಗೀತದ ಗುರುತಾದ ಬ್ಯಾಂಜೊ ವಾದ್ಯದ ಮೂಲವೇ ಆಫ್ರಿಕಾ. 1920ರ ದಶಕದಲ್ಲಿ ಧ್ವನಿಮುದ್ರಿಕೆ ಕಂಪನಿಗಳು ಕರಿಯರ ಮತ್ತು ಬಿಳಿಯರ ಸಂಗೀತವನ್ನು ಬೇರೆ ಬೇರೆ ಪಟ್ಟಿಗಳಲ್ಲಿ ಮಾರಲಾರಂಭಿಸಿದಾಗ ಮೂಡಿದ ಗೆರೆ ಇನ್ನೂ ಅಳಿಸಿಲ್ಲ. ಅದೇ ಪದ, ಅದೇ ರಾಗ ಬಿಳಿಯ ಗಾಯಕನ ಕಂಠದಿಂದ ಬಂದಾಗಲೇ ಕಂಟ್ರಿ ಎನಿಸಿಕೊಂಡಿತೆಂಬ ಆಕ್ಷೇಪಕ್ಕೆ ಆದ್ದರಿಂದ ಆಧಾರವಿದೆ. ಆದರೆ ದೋಷವನ್ನು ಕೂಂಬ್ಸ್ ಅವರ ಮೇಲೆ ಹೊರಿಸುವುದು ಸರಿಯೆನಿಸದು. ಬಾಲ್ಯದಲ್ಲಿ ತಂದೆಯೊಡನೆ ವಾಹನದಲ್ಲಿ ಕೇಳಿದ ಹಾಡಿದು ಎಂದು ಅವರು ಮತ್ತೆ ಮತ್ತೆ ಹೇಳಿ, ಮೂಲದವರ ಹೆಸರನ್ನು ಮುಂದಿಟ್ಟಿದ್ದಾರೆ.

ಹಣದ ವಿಷಯ ಇನ್ನೊಂದು ಬಗೆಯದು. ಬಿಡುಗಡೆಯಾದ ಹಾಡನ್ನು ನಿಗದಿತ ಶುಲ್ಕ ತೆತ್ತು ಯಾರು ಬೇಕಾದರೂ ಮರುಮುದ್ರಿಸಲು ಅಮೆರಿಕದ ಕಾನೂನು ಅವಕಾಶ ನೀಡುತ್ತದೆ, ರಚನೆಕಾರರ ಅನುಮತಿ ಬೇಕಿಲ್ಲ. ಜೊತೆಗೆ ಅಲ್ಲಿನ ಸಾಂಪ್ರದಾಯಿಕ ರೇಡಿಯೊ ಕೇಂದ್ರಗಳು ಪ್ರಸಾರಕ್ಕಾಗಿ ಗೌರವಧನ ಕೊಡುವುದು ಹಾಡಿನ ರಚನೆಕಾರರಿಗೆ ಮತ್ತು ಪ್ರಕಾಶಕರಿಗೆ, ಹಾಡಿದವರಿಗಲ್ಲ. ಹೀಗಾಗಿ ರೇಡಿಯೊದಲ್ಲಿ ಕೂಂಬ್ಸ್ ಕಂಠ ಕೇಳಿಬಂದಾಗಲೆಲ್ಲ ಆ ಪಾಲು ಸೇರಿದ್ದು ಚಾಪ್‌ಮನ್ ಕಡೆಗೆ. ಮೂಲಕೃತಿಯನ್ನು ಮಾರ್ಪಡಿಸಿ ಹೊಸ ಹಾಡು ಕಟ್ಟುವುದಕ್ಕೆ ಈ ವಿನಾಯಿತಿ ಇಲ್ಲ. ಇದೇ ಆಲ್ಬಂನ 'ಬೇಬಿ ಕ್ಯಾನ್ ಐ ಹೋಲ್ಡ್ ಯು' ಹಾಡನ್ನು ಅನುಮತಿಯಿಲ್ಲದೆ ಬಳಸಿದ ಪ್ರಕರಣದಲ್ಲಿ ಚಾಪ್‌ಮನ್ 2018ರಲ್ಲಿ ನಿಕಿ ಮಿನಾಜ್ ವಿರುದ್ಧ ದಾವೆ ಹೂಡಿದ್ದು, 4,50,000 ಡಾಲರ್‌ಗೆ ಅದು ಇತ್ಯರ್ಥವಾಯಿತು.

2024ರ ಫೆಬ್ರುವರಿ 4ರ ಗ್ರ್ಯಾಮಿ ಸಮಾರಂಭದಲ್ಲಿ, ವರ್ಷಗಳಿಂದ ವೇದಿಕೆಯಿಂದ ದೂರವಿದ್ದ ಚಾಪ್‌ಮನ್ ಕೂಂಬ್ಸ್ ಜೊತೆ ಇದೇ ಹಾಡನ್ನು ಹಾಡಿದರು. ಬಳಿಕ ಮೂಲ ಧ್ವನಿಮುದ್ರಣವೇ ಐಟ್ಯೂನ್ಸ್ ಪಟ್ಟಿಯ ತುದಿಗೇರಿತು. 2025ರ ಏಪ್ರಿಲ್‌ನಲ್ಲಿ ಆಲ್ಬಂ ವಿನೈಲ್ ತಟ್ಟೆಯ ರೂಪದಲ್ಲಿ ಮರುಬಿಡುಗಡೆಯಾಯಿತು. ಆ ಸಂದರ್ಭದ ಸಂದರ್ಶನದಲ್ಲಿ ಚಾಪ್‌ಮನ್, ತಾವು ಸ್ಟ್ರೀಮಿಂಗ್ ಬಳಸುವುದಿಲ್ಲವೆಂದೂ ತಟ್ಟೆ ಅಥವಾ ಸಿಡಿ ಕೊಂಡಾಗಲೇ ಕಲಾವಿದರಿಗೆ ಹಣ ತಲುಪುವುದೆಂದೂ ತಿಳಿಸಿದರು.