ಹುಟ್ಟಿದ ದಿನ ಒಂದು ಶುಕ್ರ್, ಒಂದು ಲೆಕ್ಕ

ಪಾಸ್‌ಪೋರ್ಟಿನ ಪ್ರಕಾರ ನಾನು ಹುಟ್ಟಿದ್ದು ಜೂನ್ 1ರಂದು. ರುಸ್ತಾಕಿನ ನಮ್ಮ ಕೋಣೆಯಲ್ಲಿರುವ ಆರು ಮಂದಿಯಲ್ಲಿ ಇನ್ನಿಬ್ಬರದೂ ಅದೇ ದಿನ. ನಾವು ಮೂವರೂ ಬೇರೆ ಬೇರೆ ಊರಿನವರು, ಬೇರೆ ಬೇರೆ ವರ್ಷ ಹುಟ್ಟಿದವರು. ಶಾಲೆಗೆ ಸೇರಿಸಿದ ದಿನ ಹೆಡ್‌ಮಾಸ್ತರು ಬರೆದುಕೊಂಡ ತಾರೀಕು ಮಾತ್ರ ಒಂದೇ. ನಿಜವಾಗಿ ಹುಟ್ಟಿದ್ದು ಯಾವಾಗ ಎಂದು ಉಮ್ಮನನ್ನು ಕೇಳಿದರೆ, "ಆಟಿಯ ಮಳೆ. ಹೊಳೆ ತುಂಬಿತ್ತು. ಸೂಲಗಿತ್ತಿ ಬಂದು ಮುಟ್ಟುವಾಗ ಸುಬಹಿ ಬಾಂಗ್ ಆಗಿತ್ತು" ಎನ್ನುತ್ತಾರೆ. ಕಂಪೆನಿಯ ಕಂಪ್ಯೂಟರಿಗೆ ಇದೆಲ್ಲ ಗೊತ್ತಿಲ್ಲ. ಪ್ರತಿ ಜೂನ್ 1ರ ಬೆಳಿಗ್ಗೆ ಅದು ನಮ್ಮ ಮೂವರಿಗೂ ಒಂದೇ ಶುಭಾಶಯ ಕಳಿಸುತ್ತದೆ. ನಾವು ನಕ್ಕು ಕೆಲಸಕ್ಕೆ ಹೊರಡುತ್ತೇವೆ.

ಹುಟ್ಟುಹಬ್ಬದ ವಿಷಯದಲ್ಲಿ ನನ್ನ ನಗು ಅಷ್ಟಕ್ಕೇ ನಿಂತಿತ್ತು. ಯೋಚನೆಗೆ ಹಚ್ಚಿದ್ದು ಪಕ್ಕದ ಕೋಣೆಯ ಒಬ್ಬ ಹುಡುಗ. ಊರಿನಲ್ಲಿ ಅವನ ಮಗನಿಗೆ ಒಂದು ವರ್ಷ ತುಂಬಿತು. ಹಾಲ್, ಸ್ಟೇಜ್, ಮೂರಂತಸ್ತಿನ ಕೇಕ್, ಬಂದವರಿಗೆಲ್ಲ ಬಿರಿಯಾನಿ. ಅಪ್ಪ ಅದನ್ನು ನೋಡಿದ್ದು ಗೋದಾಮಿನ ನೆರಳಲ್ಲಿ ನಿಂತು ಹತ್ತು ನಿಮಿಷದ ವಿಡಿಯೊ ಕರೆಯಲ್ಲಿ. ಎರಡು ತಿಂಗಳ ಸಂಬಳ ಅಲ್ಲಿಗೆ ಹೋಯಿತು, ಮೇಲೆ ಸ್ವಲ್ಪ ಸಾಲ. ಸಾಲ ಕೇಳಲು ಬಂದಾಗಲೇ ನನಗೆ ವಿಷಯ ತಿಳಿದದ್ದು. ಅವನ ಹೆಂಡತಿ ಆಸೆಬುರುಕಿಯಲ್ಲ. ನೆರೆಮನೆಯ ಮಗುವಿಗೆ ಅಂಥದ್ದೇ ಆಗಿತ್ತು. ಅಪ್ಪ ಗಲ್ಫ್‌ನಲ್ಲಿದ್ದೂ ಮಗುವಿಗೆ ಏನೂ ಮಾಡಲಿಲ್ಲ ಎಂಬ ಮಾತು ಬರಬಾರದಲ್ಲ ಎಂದು ಅವಳು ಹೆದರಿದಳು. ಬೇಡ ಎನ್ನಲು ಅವನಿಗೂ ಬಾಯಿ ಬರಲಿಲ್ಲ.

ಹುಟ್ಟುಹಬ್ಬ ಆಚರಿಸುವುದು ನಮ್ಮ ದೀನಿಗೆ ಸರಿಯೇ ಎಂಬ ಚರ್ಚೆ ಹಳೆಯದು. ಅದು ಇತರರ ಅನುಕರಣೆ, ಬೇಡವೇ ಬೇಡ ಎನ್ನುವ ಉಲಮಾಗಳಿದ್ದಾರೆ. ದುಂದು ಮತ್ತು ತಪ್ಪು ಕೆಲಸಗಳಿಲ್ಲದಿದ್ದರೆ ಸಂತೋಷಪಡುವುದರಲ್ಲಿ ತಪ್ಪಿಲ್ಲ ಎನ್ನುವವರೂ ಇದ್ದಾರೆ. ನಾನು ಮುಫ್ತಿಯಲ್ಲ, ತೀರ್ಪು ಕೊಡುವುದು ನನ್ನ ಕೆಲಸವಲ್ಲ. ಆದರೆ ಎರಡೂ ಕಡೆಯವರು ಒಪ್ಪುವ ಒಂದು ವಿಷಯವಿದೆ. ಪ್ರವಾದಿ ಮುಹಮ್ಮದ್ (ಸ) ಅವರು ಸೋಮವಾರ ಉಪವಾಸ ಇರುತ್ತಿದ್ದರು. ಕಾರಣ ಕೇಳಿದವರಿಗೆ, ತಾವು ಹುಟ್ಟಿದ್ದೂ ತಮಗೆ ದಿವ್ಯವಾಣಿ ಬಂದದ್ದೂ ಆ ದಿನವೇ ಎಂದು ತಿಳಿಸಿದರು. ಇದು ಸಹೀಹ್ ಮುಸ್ಲಿಂ ಸಂಗ್ರಹದಲ್ಲಿದೆ. ಅಂದರೆ ಹುಟ್ಟಿದ ದಿನವನ್ನು ಅವರು ಮರೆಯಲಿಲ್ಲ. ಅಂದು ತಮಗೆ ಏನು ಸಿಗಬೇಕು ಎಂದು ನೋಡದೆ, ಜೀವ ಕೊಟ್ಟವನಿಗೆ ಶುಕ್ರ್ ಸಲ್ಲಿಸಿದರು.

ಕುರ್‌ಆನಿನ ಲುಕ್ಮಾನ್ ಅಧ್ಯಾಯ ಇನ್ನೊಂದು ದಾರಿ ತೋರಿಸುತ್ತದೆ. ದಣಿವಿನ ಮೇಲೆ ದಣಿವು ಸಹಿಸಿ ಮಗುವನ್ನು ಹೊತ್ತ ತಾಯಿಯನ್ನು ನೆನಪಿಸಿ, ಅಲ್ಲಾಹನಿಗೂ ಹೆತ್ತವರಿಗೂ ಕೃತಜ್ಞರಾಗಿರಬೇಕೆಂದು ಅದು ಕಲಿಸುತ್ತದೆ. ಹಾಗೆ ನೋಡಿದರೆ ನನ್ನ ಹುಟ್ಟಿದ ದಿನ ಮೊದಲು ಉಮ್ಮನ ದಿನ. ಆ ಮಳೆಯ ರಾತ್ರಿ ನೋವು ತಿಂದದ್ದು ಅವರು, ನಾನಲ್ಲ. ಇಷ್ಟು ವರ್ಷದಲ್ಲಿ ಆ ದಿನ ಅವರಿಗೆ ಫೋನ್ ಮಾಡಿ ಒಂದು ಮಾತು ಹೇಳಿದ್ದೇನೆಯೇ ಎಂದು ಕೇಳಿಕೊಂಡರೆ ನನಗೇ ನಾಚಿಕೆಯಾಗುತ್ತದೆ.

ನಾವಿರುವ ಊರು ಕೂಡ ಈ ವಿಷಯದಲ್ಲಿ ಏನೋ ಹೇಳುತ್ತದೆ. ಒಮಾನಿನಲ್ಲಿ ದಶಕಗಳ ಕಾಲ ರಾಷ್ಟ್ರೀಯ ದಿನ ನವೆಂಬರ್ 18 ಆಗಿತ್ತು. ಅದು ದಿವಂಗತ ಸುಲ್ತಾನ್ ಖಾಬೂಸ್ ಅವರು ಹುಟ್ಟಿದ ದಿನ. 2025ರ ಜನವರಿಯಲ್ಲಿ ಸುಲ್ತಾನ್ ಹೈಥಮ್ ಬಿನ್ ತಾರಿಕ್ ಅದನ್ನು ನವೆಂಬರ್ 20ಕ್ಕೆ ಬದಲಿಸಿದರು. 1744ರಲ್ಲಿ ಇಮಾಮ್ ಅಹ್ಮದ್ ಬಿನ್ ಸಈದ್ ನಾಡಿನ ಹೊಣೆ ಹೊತ್ತದ್ದರ ನೆನಪಿಗೆ ಈಗ ಆ ದಿನ. ಆ ಇಮಾಮರು ರುಸ್ತಾಕಿನಿಂದ ಆಳಿದವರು, 1783ರಲ್ಲಿ ತೀರಿಕೊಂಡು ಇಲ್ಲಿಯ ಮಣ್ಣಿನಲ್ಲೇ ಮಲಗಿದ್ದಾರೆ. ಅರಮನೆಯ ವಿಷಯವನ್ನು ನಮ್ಮಂಥವರ ಬದುಕಿಗೆ ಹೋಲಿಸಬಾರದು. ಆದರೂ ನನಗೆ ಅನಿಸುತ್ತದೆ: ಹುಟ್ಟಿದ ದಿನದಷ್ಟೇ, ಹೊಣೆ ಹೊತ್ತ ದಿನವೂ ನೆನಪಿಡಲು ತಕ್ಕದ್ದು.

ಇಲ್ಲಿಯ ತೋಟಗಳಿಗೆ ನೀರು ಬರುವುದು ಫಲಜ್ ಕಾಲುವೆಗಳಿಂದ. ರುಸ್ತಾಕಿನ ಫಲಜ್ ಅಲ್ ಮುಯಸ್ಸರ್ 2006ರಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದೆ. ಫಲಜ್‌ನ ನೀರನ್ನು ಹೊತ್ತಿನ ಲೆಕ್ಕದಲ್ಲಿ ಹಂಚುತ್ತಾರೆ. ಹಿಂದೆ ಹಗಲು ನೆರಳು ನೋಡಿ, ರಾತ್ರಿ ನಕ್ಷತ್ರ ನೋಡಿ ಸರದಿ ನಿರ್ಧರಿಸುತ್ತಿದ್ದರು. ಸರದಿ ಮುಗಿದ ಮೇಲೆ ನೀರು ಮುಂದಿನವನ ತೋಟಕ್ಕೆ. ನಮ್ಮ ಆಯುಷ್ಯವೂ ಅಂಥ ಸರದಿಯೇ. ಅದರಲ್ಲಿಯೂ ಪಾಸ್‌ಪೋರ್ಟ್ ನಮಗೆ ಮೋಸ ಮಾಡುತ್ತದೆ. ಹಿಜರಿ ವರ್ಷ ಸುಮಾರು 11 ದಿನ ಚಿಕ್ಕದು. ಪಾಸ್‌ಪೋರ್ಟಿನಲ್ಲಿ 60 ತುಂಬಿದವನಿಗೆ ಚಂದ್ರಮಾನದ ಲೆಕ್ಕದಲ್ಲಿ ಆಗಲೇ ಸುಮಾರು 62.

ಹಾಗಾಗಿ ನಾನು ಹೇಳುವುದು ಇಷ್ಟೆ: ಹುಟ್ಟಿದ ದಿನವನ್ನು ವರ್ಷದ ಲೆಕ್ಕದ ದಿನ ಮಾಡಿಕೊಳ್ಳೋಣ. ಸಾಲವನ್ನು ಬರೆದಿಡಬೇಕೆಂದು ಅಲ್ ಬಕರ ಅಧ್ಯಾಯದ 282ನೇ ವಚನ ಆಜ್ಞಾಪಿಸುತ್ತದೆ. ವಸಿಯ್ಯತ್ ಬರೆಯಬೇಕಾದವನು ಅದನ್ನು ಬರೆದಿಡದೆ ಎರಡು ರಾತ್ರಿ ಕಳೆಯಬಾರದೆಂದು ಪ್ರವಾದಿಯವರು ಕಲಿಸಿದ್ದಾರೆ. ನಮ್ಮಲ್ಲಿ ಎಷ್ಟು ಮಂದಿ ಬರೆದಿಟ್ಟಿದ್ದೇವೆ? ಗಲ್ಫ್‌ನಲ್ಲಿ ಒಬ್ಬ ಹಠಾತ್ತನೆ ತೀರಿಕೊಂಡರೆ, ಅವನು ಯಾರಿಗೆ ಎಷ್ಟು ಕೊಡಬೇಕಿತ್ತು, ಯಾರಿಂದ ಎಷ್ಟು ಬರಬೇಕಿತ್ತು ಎಂಬುದು ಮನೆಯವರಿಗೆ ಗೊತ್ತಿರುವುದಿಲ್ಲ. ಇಸಿಆರ್ ಪಾಸ್‌ಪೋರ್ಟಿನಲ್ಲಿ ಕೆಲಸಕ್ಕೆ ಬಂದವರಿಗೆ ಪ್ರವಾಸಿ ಭಾರತೀಯ ಬಿಮಾ ಯೋಜನೆ ಕಡ್ಡಾಯ. ಅಪಘಾತದಲ್ಲಿ ಸಾವು ಸಂಭವಿಸಿದರೆ ಅದರಲ್ಲಿ 10 ಲಕ್ಷ ರೂಪಾಯಿ ಇದೆ. ಆದರೆ ಅದು ಎರಡು ಅಥವಾ ಮೂರು ವರ್ಷಕ್ಕೆ ಮಾಡಿಸುವ ವಿಮೆ. ನವೀಕರಿಸದಿದ್ದರೆ ಅಲ್ಲಿಗೆ ಮುಗಿಯಿತು. ಅಂಥ ಕಾಗದವೊಂದು ಇದೆ ಎಂಬುದೇ ಎಷ್ಟೋ ಹೆಂಡತಿಯರಿಗೆ ಗೊತ್ತಿಲ್ಲ. ಮಗುವಿನ ಕೇಕಿನ ಬಣ್ಣ ಯಾವುದು ಎಂದು ಅರ್ಧ ಗಂಟೆ ಮಾತಾಡುವ ನಾವು, ನಾಮಿನಿ ಯಾರೆಂದು ಐದು ನಿಮಿಷ ಮಾತಾಡಿಲ್ಲ.

ಊರಿನಲ್ಲಿರುವ ತಾಯಂದಿರಿಗೆ, ಸಹೋದರಿಯರಿಗೆ ಒಂದು ಮಾತು. ಮಕ್ಕಳ ಖುಷಿಗೆ ನಾನು ಅಡ್ಡ ಬರುವವನಲ್ಲ. ಮನೆಯಲ್ಲೇ ಪಾಯಸ ಮಾಡಿ, ಮಗುವಿನ ಕೈಯಲ್ಲೇ ನೆರೆಮನೆಗೆ, ಮದ್ರಸದ ಮಕ್ಕಳಿಗೆ ಹಂಚಿಸಿ. ಅಜ್ಜಿಯ ಬಳಿ ದುಆ ಮಾಡಿಸಿ. ಮಗುವಿಗೆ ಅದು ಹಾಲ್‌ನ ಬಲೂನಿಗಿಂತ ಹೆಚ್ಚು ಕಾಲ ನೆನಪಿರುತ್ತದೆ. ದೂರದಲ್ಲಿರುವವನನ್ನು ಸಾಲಕ್ಕೆ ದೂಡುವ ಸಂತೋಷ ಮಾತ್ರ ಬೇಡ. ಅದೇ ರೀತಿ, ದೀನಿನ ಹೆಸರಿನಲ್ಲಿ ಮಕ್ಕಳ ಮೇಲೆ ರೇಗುವ ಅಪ್ಪಂದಿರಿಗೂ ಹೇಳಬೇಕು: ವರ್ಷವಿಡೀ ಮನೆಯಲ್ಲಿಲ್ಲದ ನಾವು ಫೋನಿನಲ್ಲಿ ಬರೀ "ಬೇಡ, ಬೇಡ" ಎಂದರೆ ಮಗು ನಮ್ಮ ದನಿಗೇ ಹೆದರುತ್ತದೆ. ಬೇಡ ಎನ್ನುವ ಮೊದಲು, ಅದರ ಬದಲಿಗೆ ಏನು ಮಾಡೋಣ ಎಂದು ಕೇಳಿ.

ಈ ಬಾರಿ, 2026ರಲ್ಲಿ, ಜೂನ್ 1 ಸೋಮವಾರವೇ ಬಂದಿದೆ. ಬಕ್ರೀದ್ ಮುಗಿದ ಬೆನ್ನಿಗೇ. ಹೆಡ್‌ಮಾಸ್ತರು ಕೊಟ್ಟ ತಾರೀಕಿಗೆ ಇದೊಂದು ಬರ್ಕತ್ ಎಂದು ನಾವು ಮೂವರೂ ಮಾತಾಡಿಕೊಂಡೆವು. ಇಲ್ಲಿ ಬಯಲಿನ ಕೆಲಸಕ್ಕೆ ಮಧ್ಯಾಹ್ನ 12.30ರಿಂದ 3.30ರವರೆಗೆ ನಿಷೇಧ ಆರಂಭವಾಗುವುದೂ ಜೂನ್ 1ರಿಂದಲೇ, ಬಿಸಿಲು ಅಷ್ಟಿರುತ್ತದೆ. ಒಳಗೆ ಕೆಲಸ ಮಾಡುವ ನಾವಿಬ್ಬರು ಉಪವಾಸ ಇರುತ್ತೇವೆ. ಕಟ್ಟಡದ ಕೆಲಸಕ್ಕೆ ಹೋಗುವ ಮೂರನೆಯವನಿಗೆ ಬೇಡ ಎಂದು ನಾವೇ ಹೇಳಿದೆವು. ಐಚ್ಛಿಕ ಉಪವಾಸಕ್ಕೆ ಜೀವ ಒತ್ತೆಯಿಡಬೇಕಾಗಿಲ್ಲ. ಸಂಜೆ ಇಫ್ತಾರಿನ ಅಡುಗೆ ಅವನದು, ಪಕ್ಕದ ಕೋಣೆಯ ಹುಡುಗನಿಗೂ ಕರೆ ಹೋಗಿದೆ. ಊಟದ ನಂತರ ಎಲ್ಲರೂ ಒಂದೊಂದು ಹಾಳೆ ಹಿಡಿದು ತಮ್ಮ ತಮ್ಮ ಲೆಕ್ಕ ಬರೆಯಬೇಕು, ಬರೆದದ್ದನ್ನು ಅದೇ ರಾತ್ರಿ ಮನೆಗೆ ಕಳಿಸಬೇಕು ಎಂದು ತೀರ್ಮಾನವಾಗಿದೆ.

ಅದಕ್ಕೂ ಮೊದಲು, ಸುಬಹಿ ನಮಾಝ್ ಮುಗಿಸಿ, ನಾನು ಉಮ್ಮನಿಗೆ ಫೋನ್ ಮಾಡುತ್ತೇನೆ. ಆಟಿ ಇನ್ನೂ ದೂರವಿದೆಯಲ್ಲ ಎಂದು ಅವರು ನಗಬಹುದು. ನಗಲಿ.