ಒಪ್ಪಂದದಲ್ಲಿ ಇಲ್ಲದವಳು

ರಜೆಗೆಂದು ಬಂದಿದ್ದ ಅಕ್ಕನ ಮಗ ರಾತ್ರಿ ಊಟವಾದ ಮೇಲೆ ಟಿ.ವಿ. ಎದುರು ಕೂತು ಇಂಗ್ಲಿಷ್ ಧಾರಾವಾಹಿಯೊಂದನ್ನು ನೋಡುತ್ತಿದ್ದ. "ಚಿಕ್ಕಮ್ಮಾ, ನೀನೂ ಬಾ" ಎಂದ. ಅವರೆಕಾಯಿ ಸುಲಿಯುವುದು ಹೇಗೂ ಬಾಕಿ ಇತ್ತು. ತಟ್ಟೆ ಹಿಡಿದು ಹೋಗಿ ಕೂತೆ. ಕಾಯಿ ಸುಲಿದು ಮುಗಿಯಿತು, ಅವನ ಜೊತೆ ಶುರುವಾದ ಜಗಳ ಮಾತ್ರ ಇನ್ನೂ ಮುಗಿದಿಲ್ಲ.

ಧಾರಾವಾಹಿಯ ಹೆಸರು 'ಸ್ಟಾರ್ ಟ್ರೆಕ್: ಡಿಸ್ಕವರಿ'. 2020ರಲ್ಲಿ ಬಂದ ಅದರ ಮೂರನೆಯ ಭಾಗ. ಕಾಲದಲ್ಲಿ ಹಿಂದೆ ಮುಂದೆ ಓಡಾಡುವ ವಿದ್ಯೆ ಕೈಗೆ ಸಿಕ್ಕಮೇಲೆ ಹಲವು ಬಣಗಳು ಒಬ್ಬರ ಚರಿತ್ರೆಯನ್ನು ಇನ್ನೊಬ್ಬರು ತಿದ್ದತೊಡಗುತ್ತವೆ. ಅದು ಬೆಳೆದು ದೊಡ್ಡ ಯುದ್ಧವೇ ಆಗುತ್ತದೆ. ಕೊನೆಗೊಂದು ಒಪ್ಪಂದ. ಇನ್ನು ಯಾರೂ ಕಾಲವನ್ನು ದಾಟುವಂತಿಲ್ಲ, ಅದರ ಯಂತ್ರಗಳನ್ನೆಲ್ಲ ನಾಶ ಮಾಡಬೇಕು.

ಇದೆಲ್ಲ ಆದ ಮೇಲೆ ಹಳೆಯ ಹಡಗೊಂದು ಅಲ್ಲಿಗೆ ಬಂದು ಸೇರುತ್ತದೆ. ಅದು ಒಂಬೈನೂರಕ್ಕೂ ಹೆಚ್ಚು ವರ್ಷ ಹಿಂದೆ ಹೊರಟದ್ದು. ಜೀವಕುಲವೇ ಅಳಿದುಹೋಗುವ ಅಪಾಯವನ್ನು ತಪ್ಪಿಸಲು ಆ ಹಡಗಿನವರು ಅಪ್ಪ ಅಮ್ಮ, ಒಡಹುಟ್ಟಿದವರು ಎಲ್ಲರನ್ನೂ ಬಿಟ್ಟು, ಮತ್ತೆ ಮುಖ ನೋಡಲಾರೆವೆಂದು ತಿಳಿದೇ ಬಂದವರು. ಬಂದವರಿಗೆ ಸಿಕ್ಕ ಸ್ವಾಗತವೇನು? ನೀವು ಇಲ್ಲಿಗೆ ಬಂದದ್ದೇ ಅಪರಾಧ ಎಂಬ ಮಾತು.

ಅವರ ಜೊತೆಗೆ ಫಿಲಿಪಾ ಜಾರ್ಜಿಯೋ ಎಂಬ ಹೆಂಗಸು. ಅವಳದು ಈ ವಿಶ್ವವೇ ಅಲ್ಲ, ಕನ್ನಡಿಯೊಳಗಿನ ಬಿಂಬದಂಥ ಇನ್ನೊಂದು ವಿಶ್ವ. ಕಾಲವನ್ನೂ ದಾಟಿದವಳು, ಲೋಕವನ್ನೂ ದಾಟಿದವಳು. ಅದರ ಫಲವಾಗಿ ಅವಳ ಮೈಯ ಕಣಕಣವೂ ಬಿಟ್ಟುಬಂದ ಕಡೆಗೆ ಎಳೆಯತೊಡಗುತ್ತದೆ. ಅಷ್ಟರಲ್ಲಿ ಎರಡು ವಿಶ್ವಗಳ ನಡುವಿನ ಅಂತರ ಹೆಚ್ಚಿಬಿಟ್ಟಿದೆ. ಇಲ್ಲಿ ಉಳಿದರೆ ಸಾವು, ಹಿಂದಿರುಗಲು ದಾರಿಯಿಲ್ಲ.

"ಎಂಥ ಒಪ್ಪಂದವೋ ಇದು!" ಎಂದೆ.

"ಕಾನೂನು ಬಿಗಿಯಾಗಿಯೇ ಇರಬೇಕು ಚಿಕ್ಕಮ್ಮಾ. ಒಬ್ಬರಿಗಾಗಿ ಸಡಿಲಿಸಿದರೆ ಮತ್ತೆ ಯುದ್ಧ. ಅಲ್ಲದೆ ಅವಳೇನು ಸಾಧ್ವಿಯೇ? ಅಲ್ಲಿ ಕ್ರೂರ ಚಕ್ರವರ್ತಿನಿ."

ಯುದ್ಧ ನಿಲ್ಲಲಿ, ಅದಕ್ಕೆ ನನ್ನ ತಕರಾರಿಲ್ಲ. ಅವಳು ಒಳ್ಳೆಯವಳೆಂದೂ ನಾನು ಹೇಳುವುದಿಲ್ಲ. ಆದರೆ ಒಳ್ಳೆಯವಳೆಂದು ಸರ್ಟಿಫಿಕೇಟು ತಂದವಳಿಗೆ ಮಾತ್ರ ನ್ಯಾಯ ಎನ್ನುವುದು ಯಾವ ಲೋಕದ ನ್ಯಾಯ? ನಾನು ಕೇಳುವುದು ಇಷ್ಟೇ. ಇನ್ನು ಮುಂದೆ ಯಾರೂ ದಾಟಬಾರದೆಂದು ಬರೆದಿರಿ, ಸರಿ. ಆಗಲೇ ದಾಟಿಬಂದವಳ ಗತಿ ಏನೆಂದು ಒಂದು ಸಾಲು ಬರೆಯಲು ನಿಮ್ಮ ಶಾಯಿ ಮುಗಿದುಹೋಗಿತ್ತೆ?

ಕತೆಯೆಂದು ನಗಬೇಡಿ. ದೇಶ ಎರಡಾದಾಗ ಗಡಿಯ ಎರಡೂ ಕಡೆ ಸಾವಿರಾರು ಹೆಂಗಸರ ಅಪಹರಣವಾಯಿತು. ಅವರನ್ನು ಹುಡುಕಿ ಅವರವರ ದೇಶಕ್ಕೆ ತಲುಪಿಸುವುದೆಂದು 1947ರ ಡಿಸೆಂಬರಿನಲ್ಲಿ ಭಾರತ, ಪಾಕಿಸ್ತಾನಗಳ ನಡುವೆ ಒಪ್ಪಂದವಾಯಿತು. 1949ರಲ್ಲಿ ನಮ್ಮಲ್ಲಿ ಅದಕ್ಕೊಂದು ಕಾಯಿದೆಯೂ ಬಂತು. ಎರಡೂ ದೇಶಗಳಲ್ಲಿ ಸೇರಿ ಸುಮಾರು 30,000 ಹೆಂಗಸರನ್ನು ಪತ್ತೆ ಹಚ್ಚಿದರು. ನರಕದಿಂದ ಪಾರಾದೆವೆಂದು ಉಸಿರು ಬಿಟ್ಟವರು ಎಷ್ಟೋ ಮಂದಿ, ಆ ಪುಣ್ಯವನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ಅಷ್ಟರಲ್ಲಿ ಹೊಸ ಜಾಗದಲ್ಲಿ ಬೇರುಬಿಟ್ಟು, ಮಕ್ಕಳನ್ನು ಹೆತ್ತು, ನಾನು ಬರಲಾರೆ ಎಂದು ಅತ್ತವರೂ ಇದ್ದರು. ಹುಡುಗರಾದರೆ ಹದಿನಾರರ ಒಳಗಿನವರಿಗೆ ಮಾತ್ರ ಆ ಕಾಯಿದೆ. ಹೆಂಗಸಾದರೆ ಯಾವ ವಯಸ್ಸಾದರೂ ಸರಿ. ಅವಳ ಒಪ್ಪಿಗೆ ಬೇಕೆಂದು ಅದರಲ್ಲಿ ಇರಲಿಲ್ಲ. ಮೂವತ್ತು ವರ್ಷದ ಹೆಂಗಸಿಗಿದ್ದ ಬಾಯಿ ಹತ್ತು ವರ್ಷದ ಹುಡುಗನಷ್ಟೇ!

ಅಷ್ಟು ದೂರವೇಕೆ, ನಮ್ಮ ಮನೆಗೇ ಬರುತ್ತೇನೆ. ಅಜ್ಜಿಯ ತಂಗಿ ಒಬ್ಬಳಿದ್ದಳು. ನಾವೆಲ್ಲ ಚಿಕ್ಕಜ್ಜಿ ಎನ್ನುತ್ತಿದ್ದೆವು. ಇಪ್ಪತ್ತು ತುಂಬುವುದರೊಳಗೆ ಗಂಡ ತೀರಿಕೊಂಡ. ಎರಡೂ ಮನೆಯ ಹಿರಿಯರು ನಮ್ಮ ಜಗಲಿಯಲ್ಲಿ ಕೂತು, ಕವಳ ಹಾಕಿ, ಒಂದೇ ಮಧ್ಯಾಹ್ನದಲ್ಲಿ ಮಾತು ಮುಗಿಸಿದರಂತೆ. ಮಳೆಗಾಲವೆಲ್ಲ ತವರಿನಲ್ಲಿ, ಅಡಕೆ ಸುಗ್ಗಿಗೆ ಗಂಡನ ಮನೆಯಲ್ಲಿ. ಯಾರಿಗೂ ಹೊರೆಯಾಗಬಾರದಲ್ಲ! ಅಂಥ ಸುಸೂತ್ರವಾದ ಒಪ್ಪಂದ ಇನ್ನೊಂದಿಲ್ಲವೆಂದು ಊರೇ ಹೊಗಳಿತಂತೆ. ಅವಳು ಅಡಿಗೆಮನೆಯ ಬಾಗಿಲ ಸಂದಿಯಲ್ಲಿ ನಿಂತು ಕೇಳಿಸಿಕೊಂಡಳು.

ಅವಳ ಮಂಚದಡಿ ಒಂದು ತಗಡಿನ ಟ್ರಂಕು ಇರುತ್ತಿತ್ತು. ಸೀರೆಗಳನ್ನು ಅದರಿಂದಲೇ ತೆಗೆದು ಉಡುತ್ತಿದ್ದಳು, ಒಗೆದು ಮಡಿಸಿ ಅದಕ್ಕೇ ಹಾಕುತ್ತಿದ್ದಳು. ಗೋಡೆಯ ಗೂಟಕ್ಕೆ ಒಂದು ದಿನವೂ ಒಂದು ಬಟ್ಟೆ ನೇತುಹಾಕಿದವಳಲ್ಲ. "ನಿನ್ನ ಮನೆ ಯಾವುದು ಚಿಕ್ಕಜ್ಜೀ?" ಎಂದು ನಾನು ಸಣ್ಣವಳಿದ್ದಾಗ ಕೇಳಿದ್ದೆ. ಟ್ರಂಕಿನ ಮುಚ್ಚಳ ತಟ್ಟಿ ನಕ್ಕಳು. ಆ ನಗುವಿನ ಅರ್ಥ ಆಗ ನನಗೆ ತಿಳಿಯಲಿಲ್ಲ.

ಧಾರಾವಾಹಿಯ ಜಾರ್ಜಿಯೋಗೆ ಕೊನೆಗೊಂದು ದಾರಿ ಸಿಗುತ್ತದೆ. ಆದರೆ ಒಪ್ಪಂದದಿಂದಲ್ಲ. ತನ್ನನ್ನು ಕೊಲೆಗೆ ಬಳಸಲು ಹೊರಟ ಬಣಗಳಿಂದ ತಪ್ಪಿಸಿಕೊಂಡು ಅಡಗಿ ಕೂತಿದ್ದ ಕಾಲದ ದ್ವಾರಪಾಲಕನೊಬ್ಬನಿದ್ದಾನೆ. ಅವಳು ಯಾರು, ಎಷ್ಟು ಬದಲಾಗಿದ್ದಾಳೆ ಎಂದು ಪರೀಕ್ಷಿಸಿ ನೋಡಿದವನು ಅವನೊಬ್ಬನೇ. ಎರಡು ವಿಶ್ವಗಳು ಇನ್ನೂ ಹತ್ತಿರವಿದ್ದ ಕಾಲಕ್ಕೆ ಅವಳನ್ನು ದಾಟಿಸುತ್ತಾನೆ. "ನೋಡು, ಸುಖಾಂತ!" ಎಂದ ಅಕ್ಕನ ಮಗ. ಸುಖಾಂತವೇ ಇರಬಹುದು. ಆದರೆ ಎಲ್ಲರಿಗೂ ದ್ವಾರಪಾಲಕ ಸಿಗುತ್ತಾನೆಯೇ? ಚಿಕ್ಕಜ್ಜಿಗೆ ಸಿಗಲಿಲ್ಲ.

ಅಡಕೆ ಸುಗ್ಗಿಯ ಲೆಕ್ಕ ಈಗ ಹೋಗಿದೆ, ಜಗಲಿಯ ಲೆಕ್ಕ ಹೋಗಿಲ್ಲ. ಮಗಳು ಗಂಡನ ಮನೆಯಿಂದ ತಿರುಗಿ ಬಂದರೆ ಇಂದಿಗೂ ಎರಡು ಕಡೆಯ ಗಂಡಸರು ನಡುಮನೆಯಲ್ಲಿ ಕುರ್ಚಿ ಎಳೆದು ಕೂರುತ್ತಾರೆ. ಒಳಗಿನಿಂದ ಕಾಫಿ ಬರುತ್ತದೆ. ತಂದವಳು ಲೋಟ ಕೊಟ್ಟು ಒಳಗೆ ಹೋಗುತ್ತಾಳೆ. ಆಮೇಲೆ ತೀರ್ಮಾನವಾಗುತ್ತದೆ.

ನಿಮ್ಮ ಮನೆಯಲ್ಲಿ ಅಂಥ ದಿನ ಬರದಿರಲಿ. ಬಂದರೆ ಮಾತ್ರ ಕಾಫಿ ಕೊಟ್ಟು ಒಳಗೆ ಬರಬೇಡಿ. ಮಗಳನ್ನೂ ಕರೆದುಕೊಂಡು ಬಂದು, ಅವಳಿಗೊಂದು ಕುರ್ಚಿ ಹಾಕಿ, ಅಲ್ಲೇ ಕೂರಿ.