ದನಿಯ ಎತ್ತರ, ದನಿಯ ಬಣ್ಣ

ಗಂಗೂಬಾಯಿ ಹಾನಗಲ್ ಅವರನ್ನು ಮೊದಲ ಸಲ ಕೇಳುವವರು ಹಾಡುತ್ತಿರುವುದು ಗಂಡಸು ಎಂದುಕೊಳ್ಳುವುದುಂಟು. ಆದರೆ ಅವರ ಹಳೆಯ ಗ್ರಾಮಫೋನ್ ತಟ್ಟೆಗಳಲ್ಲಿರುವುದು ತೆಳ್ಳನೆಯ ಹೆಣ್ಣುದನಿ. ನಡುವೆ ಆದದ್ದು ಗಂಟಲಿನ ಚಿಕಿತ್ಸೆ.

ನಮ್ಮ ಧ್ವನಿಪೆಟ್ಟಿಗೆಯಲ್ಲಿ ಎರಡು ಪುಟ್ಟ ಮಡಿಕೆಗಳಿವೆ. ತಂತಿಯಲ್ಲ, ಆದರೂ ತಂಬೂರಿಯ ನ್ಯಾಯವೇ. ಉಸಿರು ನುಗ್ಗಿದಾಗ ಅವು ತೆರೆದು ಮುಚ್ಚುತ್ತವೆ. ಮಾತಾಡುವಾಗ ಗಂಡಸರಲ್ಲಿ ಸೆಕೆಂಡಿಗೆ ಸುಮಾರು 120 ಸಲ, ಹೆಂಗಸರಲ್ಲಿ 200. ಸ್ನಾಯು ಎಳೆದು ಬಿಗಿಮಾಡಿದರೆ ಸ್ವರ ಏರುತ್ತದೆ, ಸಡಿಲಿಸಿದರೆ ಇಳಿಯುತ್ತದೆ. ಮಡಿಕೆ ಊದಿಕೊಂಡರೆ ಕಂಪನ ನಿಧಾನ. ನೆಗಡಿಯಾದ ದಿನ ಊರಿಗೆ ಫೋನ್ ಮಾಡಿದರೆ ಅಮ್ಮ "ಯಾರು ಮಾತಾಡೋದು?" ಅನ್ನುವುದು ಇದಕ್ಕೇ. ದನಿಯ ಬಣ್ಣದ ಮಾತು ಬೇರೆ. ಅದು ಗಂಟಲು, ಬಾಯಿ, ನಾಲಗೆ ಕೂಡಿ ಮಾಡುವ ಪೊಳ್ಳಿನ ಆಕಾರದ್ದು. ಒಂದೇ ಷಡ್ಜವನ್ನು 'ಆ' ಅಂತ, 'ಈ' ಅಂತ ಹಾಡಿ ನೋಡಿ. ಶ್ರುತಿ ಕದಲುವುದಿಲ್ಲ, ಬಣ್ಣ ಬದಲಾಗುತ್ತದೆ.

ಗಂಗೂಬಾಯಿ ತಮ್ಮ ಹೊಸ ದನಿಯೊಡನೆ ಜಗಳಕ್ಕೆ ಹೋಗಲಿಲ್ಲ. ಅದರ ಗಡಸಿನಲ್ಲೇ ಕಿರಾನಾ ಗಾಯಕಿಯನ್ನು ದಶಕಗಳ ಕಾಲ ಹಾಡಿದರು. ನಮ್ಮ ಅಪಾರ್ಟ್‌ಮೆಂಟುಗಳ ಸಂಗೀತ ಕ್ಲಾಸಿನಲ್ಲೋ, ಎಷ್ಟೋ ಕಡೆ ಎಲ್ಲ ಮಕ್ಕಳಿಗೂ ಒಂದೇ ಶ್ರುತಿ. ಹದಿಮೂರು ಹದಿನಾಲ್ಕರ ಹುಡುಗನ ದನಿ ಒಡೆದರೆ "ಅಪಸ್ವರ" ಅಂತ ಬೈಸಿಕೊಂಡು ಕ್ಲಾಸೇ ಬಿಡುತ್ತಾನೆ. ಮಡಿಕೆ ಉದ್ದವಾಗುತ್ತಿದೆ, ಅಷ್ಟೇ. ಕೆಲವು ತಿಂಗಳು ತಗ್ಗಿನ ಶ್ರುತಿಯಲ್ಲಿ ಮೆಲ್ಲಗೆ ಹಾಡಿಸಿ. ದೊಡ್ಡವರ ದನಿ ಮೂರು ವಾರ ಕಳೆದರೂ ಒಡಕಾಗಿಯೇ ಇದ್ದರೆ ಮಾತ್ರ ಶುಂಠಿ ಕಷಾಯ ಬದಿಗಿಟ್ಟು ಕಿವಿ-ಮೂಗು-ಗಂಟಲಿನ ಡಾಕ್ಟರಿಗೆ ತೋರಿಸಿ.